ಭುಜ ಒಮ್ಮೆ ಜಾರಿದರೆ: ಆರೈಕೆಯ ಕ್ರಮ ಹೇಗಿರಬೇಕು?

ಧಾರವಾಡ, ಗದಗ, ಹಾವೇರಿ ಸೀಮೆಯ ಕಬಡ್ಡಿ ಅಂಗಳಗಳಲ್ಲಿ ಮತ್ತು ಗರಡಿಮನೆಗಳಲ್ಲಿ ಹುಡುಗನ ಭುಜ ಜಾರಿದಾಗ ಜೊತೆಗಾರರೇ ಕೈ ಎಳೆದು ಕೂಡಿಸಲು ಮುಂದಾಗುವುದುಂಟು. ದಯವಿಟ್ಟು ಹಾಗೆ ಮಾಡಬೇಡಿ. ಎಲುಬು ಮುರಿದಿದ್ದರೆ ಆ ಎಳೆತದಿಂದ ಮುರಿತ ಹೆಚ್ಚುತ್ತದೆ, ನರಕ್ಕೂ ರಕ್ತನಾಳಕ್ಕೂ ಪೆಟ್ಟಾಗಬಹುದು.

ತೋಳೆಲುಬಿನ ತಲೆ ದೊಡ್ಡದು, ಅದು ಕೂರುವ ಕುಳಿ ಚಿಕ್ಕದು ಮತ್ತು ಆಳವಿಲ್ಲದ್ದು. ಕುಳಿಯ ಅಂಚಿನ ಮೆತ್ತನೆಯ ಉಂಗುರ, ಕೀಲನ್ನು ಸುತ್ತಿದ ಚೀಲ ಹಾಗೂ ನಾಲ್ಕು ಸ್ನಾಯುಗಳೇ ಅದನ್ನು ಹಿಡಿದಿಡುತ್ತವೆ. ಚಾಚಿದ ಕೈಯನ್ನು ಹಿಡಿಯುವವರು ಹಿಂದಕ್ಕೆ ತಿರುಚಿದಾಗ ತಲೆ ಸಾಮಾನ್ಯವಾಗಿ ಮುಂದಕ್ಕೆ ಜಾರುತ್ತದೆ, ಉಂಗುರ ಹರಿಯುತ್ತದೆ. ಹರಿದ ಉಂಗುರ ಸರಿಯಾಗಿ ಕೂಡದಿದ್ದರೆ ಭುಜ ಮತ್ತೆ ಮತ್ತೆ ತಪ್ಪುತ್ತದೆ. ಇಪ್ಪತ್ತರೊಳಗಿನ ಆಟಗಾರರಲ್ಲಂತೂ ಈ ಅಪಾಯ ಬಹಳ.

ಮೊದಲು ಕೈ ಇದ್ದ ಸ್ಥಿತಿಯಲ್ಲೇ ಟವೆಲ್ಲಿನಿಂದ ಜೋಳಿಗೆ ಕಟ್ಟಿ, ಬೆರಳಿನ ಉಂಗುರ, ಕಡಗ ತೆಗೆದು, ಏನೂ ತಿನ್ನಿಸದೆ ಕುಡಿಸದೆ ಹುಬ್ಬಳ್ಳಿಯ ಕೆಎಂಸಿಆರ್‌ಐನಂತಹ (ಹಿಂದಿನ ಕಿಮ್ಸ್) ಎಲುಬು-ಕೀಲು ವಿಭಾಗವಿರುವ ಆಸ್ಪತ್ರೆಗೆ ಕರೆದೊಯ್ಯಿರಿ. ತೋಳಿನ ಮೇಲ್ಭಾಗದ ಹೊರಮೈಯಲ್ಲಿ ಬೆರಳಾಡಿಸಿದಾಗ ಜೋಮು ಎನಿಸಿದರೆ ಅದನ್ನು ವೈದ್ಯರಿಗೆ ತಪ್ಪದೆ ತಿಳಿಸಿ. ಕೀಲು ಕೂಡಿಸುವ ಮುನ್ನ ಮತ್ತು ನಂತರ ಎಕ್ಸ್‌-ರೇ ತೆಗೆಯುತ್ತಾರೆ. ನಲವತ್ತು ದಾಟಿದವರಿಗೆ ಆಮೇಲೂ ಕೈ ಎತ್ತಲಾಗದಿದ್ದರೆ ಸ್ನಾಯುರಜ್ಜು ಹರಿದಿರಬಹುದು, ಸ್ಕ್ಯಾನ್ ಬೇಕಾಗುತ್ತದೆ.

ಜೋಳಿಗೆಯ ಅವಧಿ ಸಾಮಾನ್ಯವಾಗಿ ಒಂದರಿಂದ ಮೂರು ವಾರ. ನಿಜವಾದ ಚಿಕಿತ್ಸೆ ಆನಂತರದ್ದು, ಆದರೆ ನೋವು ಇಳಿದ ಕೂಡಲೇ ಅನೇಕರು ಅದನ್ನು ಬಿಟ್ಟುಬಿಡುತ್ತಾರೆ. ವೈದ್ಯರು ಒಪ್ಪಿದ ಮೇಲೆ ಗೋಡೆಯ ಪಕ್ಕ ನಿಂತು, ಮೊಣಕೈ ಮಡಚಿ, ಮೊಣಕೈ ಮತ್ತು ಪಕ್ಕೆಯ ನಡುವೆ ಸುತ್ತಿದ ಟವೆಲ್ ಇಟ್ಟುಕೊಂಡು, ಮುಂಗೈಯ ಹಿಂಬದಿಯಿಂದ ಗೋಡೆಯನ್ನು ಐದು ಸೆಕೆಂಡು ಒತ್ತಿ ಬಿಡಿ. ಹೀಗೆ ಹತ್ತು ಬಾರಿ. ಭುಜ ಜಾರಿದಂತೆ ಅನಿಸಿದರೆ ಅಲ್ಲಿಗೇ ನಿಲ್ಲಿಸಿ. ಕೆಲ ವಾರಗಳ ಬಳಿಕ ಫಿಸಿಯೋಥೆರಪಿಸ್ಟ್ ಹೇಳಿದಂತೆ ರಬ್ಬರ್ ಪಟ್ಟಿಯ ವ್ಯಾಯಾಮ ಸೇರಿಸಬಹುದು.

ಹುಟ್ಟಿನಿಂದಲೇ ಕೀಲುಗಳು ಸಡಿಲವಾಗಿ ಪೆಟ್ಟಿಲ್ಲದೆ ಭುಜ ಜಾರುವವರಿಗೆ ತಿಂಗಳುಗಟ್ಟಲೆ ವ್ಯಾಯಾಮವೇ ಮೊದಲ ಮದ್ದು. ಪೆಟ್ಟಿನಿಂದ ಪದೇ ಪದೇ ತಪ್ಪುವ ಭುಜಕ್ಕೆ ಹರಿದ ಉಂಗುರವನ್ನು ಕೀಲಿನೊಳಗೆ ನೋಡುವ ಸಣ್ಣ ಕ್ಯಾಮೆರಾ ನಳಿಕೆಯ (ಆರ್ತ್ರೋಸ್ಕೋಪ್) ಮೂಲಕ ಹೊಲಿಯುವ ಬ್ಯಾಂಕಾರ್ಟ್ ಶಸ್ತ್ರಚಿಕಿತ್ಸೆಯಿದೆ; ಕುಳಿಯ ಎಲುಬೇ ಸವೆದಿದ್ದರೆ ಪಕ್ಕದ ಎಲುಬಿನ ತುಂಡನ್ನು ಅಲ್ಲಿ ಕೂರಿಸುವ ಲಟಾರ್ಜೆ ವಿಧಾನ ಸೂಕ್ತ. ಅದಾದ ಮೇಲೆ ಅಖಾಡಕ್ಕೆ ಮರಳಲು ಸಾಮಾನ್ಯವಾಗಿ ನಾಲ್ಕರಿಂದ ಆರು ತಿಂಗಳು ಬೇಕು. ಎರಡೂ ಭುಜಗಳ ಬಲ ಸಮವಾಗಿ, ಕೈ ಮೇಲೆತ್ತಿ ಹೊರಕ್ಕೆ ತಿರುಗಿಸಿದಾಗ ಅಳುಕು ಉಳಿಯದಿರುವುದನ್ನು ವೈದ್ಯರು ಪರೀಕ್ಷಿಸಿದ ನಂತರವೇ ಕುಸ್ತಿ, ಕಬಡ್ಡಿ ಅಥವಾ ಚೀಲ ಹೊರುವ ಕೆಲಸಕ್ಕೆ ಇಳಿಯಬೇಕು.