ಪದ ಬದಲಾದರೂ ಇನ್‌ಸ್ಟಾಲ್ ಕೆಡಲಿಲ್ಲ: ನನ್ನ ಅನುಭವ

ಸಾಫ್ಟ್‌ವೇರ್ ಇನ್‌ಸ್ಟಾಲೇಷನ್ ಗೈಡುಗಳನ್ನು ಬೇರೆ ಮಾತಿನಲ್ಲಿ ತಿರುಗಿ ಬರೆದುಕೊಡುವುದು ನನ್ನ ಕೆಲಸ. ಗೈಡಿನಲ್ಲಿ ಪದ ಬದಲಾಯಿಸಿದರೆ ಓದುವವರು ದಾರಿ ತಪ್ಪುತ್ತಾರೆ, ಸುಮ್ನೆ ಇದ್ದದ್ದನ್ನೇ ಇಡು ಅಂತ ಜೊತೆಯವರೆಲ್ಲ ಹೇಳಿದ್ದರು. ಈಗ 40ರ ಆಸುಪಾಸು ಗೈಡ್ ತಿರುಗಿ ಬರೆದಿದ್ದೇನೆ. ಕೊನೆಯ ಹತ್ತು ಹನ್ನೆರಡರಲ್ಲಿ ಒಂದೂ ತಿದ್ದಲು ವಾಪಸ್ ಬಂದಿಲ್ಲ.

ಶುರುವಿನಲ್ಲಿ ಚೆನ್ನಾಗಿ ಪೆಟ್ಟು ತಿಂದೆ. ಒಂದೇ ಪದ ಮತ್ತೆ ಮತ್ತೆ ಬರಬಾರದೆಂದು ಫೋಲ್ಡರ್, ಡೈರೆಕ್ಟರಿ, ಕಡತಕೋಶ ಅಂತ ಮೂರು ಹೆಸರು ಹಾಕಿದೆ. ಓದಿದವರು ಮೂರು ಫೋಲ್ಡರ್ ಹುಡುಕಿದರು! ಇನ್ನೊಂದರಲ್ಲಿ 'ರೀಸ್ಟಾರ್ಟ್ ಮಾಡಿ' ಅನ್ನುವುದನ್ನು 'ಕಂಪ್ಯೂಟರ್ ಆಫ್ ಮಾಡಿ ಆನ್ ಮಾಡಿ' ಅಂತ ಬರೆದೆ. ಎರಡೂ ಒಂದೇ ಅಲ್ವಾ ಅನ್ನಿಸಿತ್ತು. ಅಲ್ಲ. ವಿಂಡೋಸ್‌ನಲ್ಲಿ ಫಾಸ್ಟ್ ಸ್ಟಾರ್ಟಪ್ (ಬೇಗ ಆನ್ ಆಗುವ ಸೌಲಭ್ಯ) ಇದ್ದರೆ ಶಟ್‌ಡೌನ್ ಮಾಡಿದಾಗ ವಿಂಡೋಸ್‌ನ ತಿರುಳಾದ ಕರ್ನಲ್‌ನ ಸ್ಥಿತಿ ಡಿಸ್ಕ್‌ನಲ್ಲಿ ಉಳಿದು, ಆನ್ ಮಾಡಿದಾಗ ಹಾಗೇ ವಾಪಸ್ ಬರುತ್ತದೆ. ಪೂರ್ತಿ ಹೊಸದಾಗಿ ಶುರುವಾಗುವುದು ರೀಸ್ಟಾರ್ಟ್ ಮಾಡಿದಾಗಲೇ. ಹಾಗಾಗಿ ನನ್ನ ಗೈಡ್ ನೋಡಿ ಮಾಡಿದಾಗ ಡ್ರೈವರ್ (ಹಾರ್ಡ್‌ವೇರ್ ನಡೆಸುವ ಪ್ರೋಗ್ರಾಂ) ಲೋಡ್ ಆಗಲಿಲ್ಲ. ಕೆಲಸ ಕೊಟ್ಟವರು ಅರ್ಧ ದುಡ್ಡು ಹಿಡಿದುಕೊಂಡರು. ಮೂರು ದಿನ ಪುಕ್ಕಟೆ ತಿದ್ದಿಕೊಟ್ಟೆ.

ಈಗ ಮೊದಲು ಮುಟ್ಟಬಾರದ ಪದಗಳಿಗೆ ಹಳದಿ ಬಳಿಯುತ್ತೇನೆ. ಬಟನ್ ಹೆಸರು, ಕಮಾಂಡ್, ಪಾತ್ (ಫೈಲ್ ಇರುವ ಜಾಗದ ವಿಳಾಸ), ವರ್ಷನ್ ನಂಬರ್. ಆಮೇಲೆ ಒಂದು ಕೆಲಸಕ್ಕೆ ಒಂದೇ ಮಾತು. 'ಒತ್ತಿ' ಅಂದರೆ ಕೀಬೋರ್ಡ್, 'ಕ್ಲಿಕ್ ಮಾಡಿ' ಅಂದರೆ ಮೌಸ್, ಕೊನೆಯವರೆಗೂ ಅದೇ. ಅಪ್‌ಡೇಟ್, ಅಪ್‌ಗ್ರೇಡ್ ಎರಡಕ್ಕೂ 'ಹೊಸದು ಮಾಡಿ' ಅಂದಿರೋ, ಕೆಟ್ಟಿತು. ಉಬುಂಟುವಿನಂಥ ಲಿನಕ್ಸ್‌ನಲ್ಲಿ ಪ್ಯಾಕೇಜ್ (ಪ್ರೋಗ್ರಾಂ ಕಟ್ಟು) ಹಾಕುವ ಎಪಿಟಿ ಎಂಬ ಟೂಲ್‌ನಲ್ಲಿ ಮೊದಲನೆಯದು ಪ್ಯಾಕೇಜ್ ಪಟ್ಟಿಯನ್ನಷ್ಟೇ ತರುತ್ತದೆ. ಎರಡನೆಯದು ಪ್ಯಾಕೇಜನ್ನೇ ಬದಲಾಯಿಸುತ್ತದೆ.

ಇಷ್ಟು ಬಿಟ್ಟರೂ ಬದಲಾಯಿಸಲು ಬೇಕಾದಷ್ಟು ಉಳಿಯುತ್ತದೆ. 'ಅನುಸ್ಥಾಪನೆ ಆರಂಭಿಸುವ ಮುನ್ನ ಚಾಲನೆಯಲ್ಲಿರುವ ಇತರ ಅಪ್ಲಿಕೇಶನ್‌ಗಳನ್ನು ಮುಚ್ಚತಕ್ಕದ್ದು' ಅಂತ ಒಂದು ಸಾಲಿತ್ತು. 'ಬೇರೆ ಪ್ರೋಗ್ರಾಂ ತೆರೆದಿದ್ದರೆ ಮೊದಲು ಕ್ಲೋಸ್ ಮಾಡಿ. ಆಮೇಲೆ ಸೆಟಪ್ ಫೈಲ್ ತೆರೆಯಿರಿ' ಅಂತ ಮಾಡಿದೆ. ಪದಗಳು ಹೆಚ್ಚುಕಮ್ಮಿ ಎಲ್ಲ ಬೇರೆ, ಕೆಲಸ ಅದೇ.

ನಡುವೆ ಪದ ಬದಲಿಸುವ ಟೂಲ್ ಒಂದಕ್ಕೂ ದುಡ್ಡು ಕಟ್ಟಿ ನೋಡಿದೆ. ರೂಟ್ ಯೂಸರನ್ನು, ಅಂದರೆ ಲಿನಕ್ಸ್‌ನಲ್ಲಿ ಎಲ್ಲ ಅಧಿಕಾರ ಇರುವ ಖಾತೆಯನ್ನು, 'ಬೇರು ಬಳಕೆದಾರ' ಮಾಡಿತು. ಒಂದೇ ತಿಂಗಳಿಗೆ ಬಿಟ್ಟೆ. ವರ್ಡ್ ಪ್ರೊಸೆಸರ್ ಕಾಟ ಬೇರೆ. ಕಮಾಂಡಿನ ಎರಡು ಹೈಫನ್ ಸೇರಿಸಿ ಒಂದು ಉದ್ದ ಗೆರೆ ಮಾಡಿಬಿಡುತ್ತದೆ, ಪೇಸ್ಟ್ ಮಾಡಿದರೆ ಎರರ್. ಅದಕ್ಕೇ ಕಮಾಂಡ್ ಇರುವ ಭಾಗ ಈಗ ಸಾದಾ ಟೆಕ್ಸ್ಟ್ ಎಡಿಟರ್‌ನಲ್ಲೇ.

ಕೊನೆಗೆ ವರ್ಚುವಲ್ ಮಷಿನ್‌ನಲ್ಲಿ (ಕಂಪ್ಯೂಟರ್ ಒಳಗೇ ಓಡುವ ಇನ್ನೊಂದು ಕಂಪ್ಯೂಟರ್) ಸ್ನ್ಯಾಪ್‌ಶಾಟ್, ಅಂದರೆ ಕೆಟ್ಟರೆ ಹಿಂದಿನ ಸ್ಥಿತಿಗೆ ಮರಳಲು ಒಂದು ಪ್ರತಿ, ತೆಗೆದಿಟ್ಟು, ಮೂಲ ಗೈಡ್ ನೋಡದ ಒಬ್ಬರನ್ನು ಕೂರಿಸುತ್ತೇನೆ. ನಾನು ಬಾಯಿ ಬಿಡುವುದಿಲ್ಲ. ಮೌಸ್ ಎಲ್ಲಿ ತಡವರಿಸುತ್ತದೋ ಆ ಸಾಲನ್ನು ತಿದ್ದುತ್ತೇನೆ. ಯಾರನ್ನು ಕೂರಿಸಬೇಕು ಅನ್ನುವುದಕ್ಕೆ ನನ್ನದೇ ಒಂದು ಲೆಕ್ಕ ಇದೆ, ಅದು ನನ್ನ ಹತ್ತಿರವೇ ಇರಲಿ. ಮುಕ್ಕಾಲು ಗಂಟೆ ಹಿಡಿಯುತ್ತಿದ್ದ ಒಂದು ಇನ್‌ಸ್ಟಾಲ್ ಹೋದ ಸಲ ಸುಮಾರು 20 ನಿಮಿಷಕ್ಕೆ ಮುಗಿಯಿತು. ಅಂದು ಅರ್ಧ ದುಡ್ಡು ಹಿಡಿದವರೇ ಈಗ ಹೆಚ್ಚುಕಮ್ಮಿ ಒಂದೂವರೆ ಪಟ್ಟು ಕೊಟ್ಟು ಕೆಲಸ ಕಳಿಸುತ್ತಾರೆ.