ಮನೆ ಹಿಂದಿನ ಮೀನಿನ ತೊಟ್ಟಿಲಿ ಪಾಚಿ ಕಟ್ಟಿದ್ರೆ ಏನ್ ಮಾಡೋದು

ನಮ್ಮ ಚಿಕ್ಕಬಳ್ಳಾಪುರ ಕಡೆ ಮಾರ್ಚ್ ಬಂತು ಅಂದ್ರೆ ತೊಟ್ಟಿ ನೀರು ವಾರದಲ್ಲೇ ಹಸಿರು ತಿರುಗುತ್ತೆ. ಎಲ್ಲಕ್ಕಿಂತ ಮೊದಲು ಹೇಳ್ಬೇಕಾಗಿರೋದು, ಮೈಲುತುತ್ತ (ತಾಮ್ರದ ಸಲ್ಫೇಟ್) ಹಾಕ್ಬೇಡಿ. ದ್ರಾಕ್ಷಿ ತೋಟ ಇರೋರ ಮನೇಲಿ ಬಳ್ಳಿಗೆ ರೋಗ ಬರದ ಹಾಗೆ ಹೊಡೆಯೋ ಬೋರ್ಡೋ ದ್ರಾವಣಕ್ಕೆ ಅಂತ ತಂದಿದ್ದು ಇದ್ದೇ ಇರುತ್ತೆ, ಪಾಚಿ ಸಾಯೋದೂ ನಿಜ, ಆದ್ರೆ ತಾಮ್ರ ಮೀನಿಗೂ ವಿಷ, ಜೊತೆಗೆ ಪಾಚಿ ಒಟ್ಟಿಗೆ ಸತ್ತು ಕೊಳೀತಾ ನೀರಲ್ಲಿರೋ ಆಕ್ಸಿಜನ್ನೂ ಎಳ್ಕೊಳುತ್ತೆ. ನಾನು ಒಂದ್ಸಲ ಹಾಕಿ, ಬೆಳಗಿನ ಜಾವ ಹೋಗಿ ನೋಡಿದ್ರೆ ಗೆಂಡೆಗಳೆಲ್ಲ ಮೇಲೆ ಬಂದು ಬಾಯಿ ಬಿಡ್ತಿದ್ವು, ಒಂಬತ್ತರಲ್ಲಿ ಆರು ಹೋದ್ವು. ಇವತ್ತಿಗೂ ಹೊಟ್ಟೆ ಉರಿಯುತ್ತೆ.

ಪಾಚಿಗೆ ಬೇಕಾಗಿರೋದು ಬಿಸಿಲು ಮತ್ತೆ ಗೊಬ್ಬರ. ಗೊಬ್ಬರ ನಾವೇ ಹಾಕ್ತಿರ್ತೀವಿ, ಮೀನು ತಿನ್ನದೆ ಬಿಟ್ಟ ಫೀಡು ತಳದಲ್ಲಿ ಕೊಳೆತು ಅದೇ ಗೊಬ್ಬರ ಆಗುತ್ತೆ. ಅದಕ್ಕೆ ಮೂರ್ನಾಲ್ಕು ನಿಮಿಷದಲ್ಲಿ ಖಾಲಿ ಮಾಡೋವಷ್ಟೇ ಹಾಕಿ, ಮಿಕ್ಕಿದ್ರೆ ನಾಳೆಗೆ ಕಮ್ಮಿ ಮಾಡಿ. ಗಿಡದ ಪಾತಿ ನೀರು, ಸಗಣಿ ನೀರು ಮಳೇಲಿ ಹರ್ಕೊಂಡು ತೊಟ್ಟಿಗೆ ಬರದ ಹಾಗೆ ಸುತ್ತ ನಾಲ್ಕಿಂಚು ಕಟ್ಟೆ ಏರಿಸ್ಬಿಡಿ.

ಬಿಸಿಲಿಗೆ ಶೇಡ್ ನೆಟ್, ಅರ್ಧ ಬಿಸಿಲು ತಡೆಯೋ 50 ಪರ್ಸೆಂಟ್ ದು ಸಾಕು, ಮಧ್ಯಾಹ್ನದ ಬಿಸಿಲು ಬೀಳೋ ಕಡೆ ಕಟ್ಟಿ. ಅದಕ್ಕಿಂತ ಚಂದ ಅಂದ್ರೆ ನೈದಿಲೆ ಅಥವಾ ನೀರಲ್ಲಿ ತೇಲೋ ಅಂತರಗಂಗೆ ಗಿಡ, ನೀರಿನ ಮೇಲೆ ಅರ್ಧ ಭಾಗ ಮುಚ್ಚಿದ್ರೆ ನೆರಳೂ ಆಯ್ತು, ಪಾಚಿ ತಿನ್ನೋ ಗೊಬ್ಬರಾನೂ ಅದೇ ಹೀರ್ಕೊಳುತ್ತೆ. ಅಂತರಗಂಗೆ ಹೆಚ್ಚಾದಾಗ ತೆಗೆದು ಗಿಡದ ಬುಡಕ್ಕೆ ಹಾಕಿ, ದಯವಿಟ್ಟು ಕೆರೆಗೆ ಎಸೀಬೇಡಿ, ಕೆರೆ ಪೂರ್ತಿ ಮುಚ್ಕೊಂಡ್ಬಿಡುತ್ತೆ.

ಕೂದಲಿನ ತರ ಎಳೆ ಎಳೆ ಪಾಚಿ ಇದ್ರೆ ಒಂದು ಒರಟು ಕೋಲು ಬಿಟ್ಟು ತಿರುಗಿಸಿ, ಶಾವಿಗೆ ಸುತ್ಕೊಂಡ ಹಾಗೆ ಕೋಲಿಗೆ ಸುತ್ಕೊಂಡು ಬರುತ್ತೆ. ನೀರೇ ಹಸಿರಾಗಿದ್ರೆ ಇದು ಆಗಲ್ಲ, ಆಗ ಯುವಿ ಲೈಟ್ ಇರೋ ಫಿಲ್ಟರ್ ಕೆಲಸ ಮಾಡುತ್ತೆ.

ನೀರು ಪೂರ್ತಿ ಬದಲಾಯಿಸೋ ತಪ್ಪು ಮಾಡ್ಬೇಡಿ. ವಾರಕ್ಕೆ ಹತ್ತರಲ್ಲಿ ಒಂದು ಪಾಲು ತೆಗೆದು ಗಿಡಕ್ಕೆ ಬಿಡಿ, ಹೊಸದು ಹಾಕಿ. ನಮ್ಮ ಬೋರ್ ನೀರು ಆಳದಿಂದ ಬರೋದ್ರಿಂದ ಅದ್ರಲ್ಲಿ ಆಕ್ಸಿಜನ್ ಕಮ್ಮಿ, ರಾತ್ರಿ ಡ್ರಮ್ಮಲ್ಲಿ ತುಂಬಿಟ್ಟು ಬೆಳಿಗ್ಗೆ ಸುರೀರಿ.

ನೀರಿಗೆ ಮೊಣಕೈವರೆಗೂ ಕೈ ಇಳಿಸಿದಾಗ ಬೆರಳು ಕಾಣೋವಷ್ಟು ತಿಳಿಯಾಗಿದ್ರೆ ಸಾಕು. ಗೋಡೆಗೆ ಅಂಟಿರೋ ತೆಳು ಹಸಿರನ್ನ ಉಜ್ಜೋಕೆ ಹೋಗ್ಬೇಡಿ, ಮೀನು ಅದನ್ನ ಮೇಯ್ತವೆ.