ಮೊದಲು ಬೆರಳು, ಆಮೇಲೆ ರಾಕ್ಷಸ: ಪತ್ತೇದಾರಿ ಕಂತಿಗೆ ಕರಾಳ ಜಾನಪದ ಕಥೆ ಹೊಂದಿಸುವ ಬಗೆ

ರಾಕ್ಷಸನನ್ನು ಆರಿಸಿಕೊಂಡು ಅವನಿಗೊಂದು ಕೊಲೆ ಹೊಂದಿಸಲು ಹೋದ ಸ್ಕ್ರಿಪ್ಟ್‌ಗಳು ನನ್ನ ಕೈಯಲ್ಲಿ ಅರ್ಧಕ್ಕೇ ಕುಸಿದಿವೆ. ಈಗ ಮೊದಲು ನೋಡುವುದು ಕಥೆಯೊಳಗಿನ ಸಾಕ್ಷ್ಯವನ್ನು. ಗ್ರಿಮ್ ಸಹೋದರರ ಜರ್ಮನ್ ಜಾನಪದ ಕಥೆಗಳ ಸಂಗ್ರಹದಲ್ಲಿ (ಮೊದಲ ಸಂಪುಟ 1812) ಅದಕ್ಕೇನೂ ಬರವಿಲ್ಲ. 28ನೇ ಕಥೆಯಲ್ಲಿ ಸತ್ತವನ ಎಲುಬೇ ಕೊಂದವನನ್ನು ಹಾಡಿ ತೋರಿಸುತ್ತದೆ. ಸಿಂಡರೆಲ್ಲಾಳ ಮಲಸಹೋದರಿಯರ ಪಾದರಕ್ಷೆಯಿಂದ ರಕ್ತ ಸೋರುತ್ತದೆ.

ನಾನು ಹೆಚ್ಚು ದುಡಿಸಿಕೊಂಡದ್ದು 40ನೇ ಕಥೆ, ದರೋಡೆಕೋರ ಮದುಮಗನದು. ಮದುವೆ ಗೊತ್ತಾದ ಹುಡುಗಿ ಅವನ ಮನೆಯಲ್ಲಿ ಪೀಪಾಯಿಯ ಹಿಂದೆ ಅಡಗಿರುತ್ತಾಳೆ. ದರೋಡೆಕೋರರು ಇನ್ನೊಬ್ಬಳನ್ನು ಕೊಲ್ಲುತ್ತಾರೆ. ಉಂಗುರ ಕಳಚಿ ಬರದಿದ್ದಕ್ಕೆ ಬೆರಳನ್ನೇ ಕಡಿದಾಗ ಅದು ಹಾರಿ ಇವಳ ಮಡಿಲಿಗೆ ಬೀಳುತ್ತದೆ. ಮದುವೆಯ ದಿನ ಎಲ್ಲವನ್ನೂ ಕನಸೆಂಬಂತೆ ಹೇಳಿ, ಕೊನೆಗೆ ಬೆರಳನ್ನು ಮುಂದಿಡುತ್ತಾಳೆ.

ನನ್ನ ಕಂತಿನಲ್ಲಿ ಬೆರಳು ಸಿಗುವುದು ಆಕೆಯ ಕೋಟಿನ ಟೋಪಿಯೊಳಗೆ, ಅವಳಿಗೇ ತಿಳಿಯದಂತೆ. ಕಡಿದ ಅಂಚಿನ ಅಂಗಾಂಶದೊಳಗೆ ರಕ್ತ ಇಳಿದಿದ್ದರೆ ಆಗ ಜೀವವಿತ್ತು ಎಂದರ್ಥ. ವೈದ್ಯರ ಸೀನಿಗೆ ಅಷ್ಟು ಸಾಕು. ಬೆರಳಚ್ಚು ದಾಖಲೆಯಲ್ಲಿ ಹೊಂದುವುದಿಲ್ಲ, ಸತ್ತವಳು ಯಾವ ಕೇಸಿನಲ್ಲೂ ಸಿಕ್ಕವಳಲ್ಲ. ದಾರಿ ತೆರೆಯುವುದು ಉಂಗುರದ ಒಳಮೈಯ ಕೆತ್ತನೆ. ವಿಚಾರಣೆಯಲ್ಲಿ ಸಾಕ್ಷಿ “ಬರೀ ಕನಸು ಸರ್” ಎಂದಾಗ ಪತ್ತೇದಾರ ವಾದಕ್ಕಿಳಿಯಬಾರದು. “ಕನಸಲ್ಲಿ ನೆಲ ಹೇಗಿತ್ತಮ್ಮ?” ಅಂತ ಕೇಳಬೇಕು. ಆಕೆ ಬಿರುಕು ಬಿಟ್ಟ ನೀಲಿ ಹೆಂಚು ಅಂದ ಕೂಡಲೇ ಹುಡುಕಬೇಕಾದ ಮನೆಗೊಂದು ಗುರುತು ಸಿಕ್ಕಿತು.

ಅಮೆರಿಕದ ಪೋರ್ಟ್‌ಲ್ಯಾಂಡ್‌ನಲ್ಲಿ ನಡೆಯುವ ‘ಗ್ರಿಮ್’ ಟಿವಿ ಸರಣಿ (2011–2017) ಈ ಶಿಸ್ತನ್ನು ಮೊದಲ ಕಂತಿನಲ್ಲೇ ತೋರಿಸಿತು. ಮನುಷ್ಯರೊಳಗಿನ ತೋಳದ ಮುಖ ನಾಯಕ ಪತ್ತೇದಾರ ನಿಕ್‌ಗೆ ಕಾಣುತ್ತದೆ, ಸರಿ. ಆದರೆ ಕೊಲೆಗಾರನಾದ ಅಂಚೆಯವನು ಸಿಕ್ಕಿಬೀಳುವುದು, ಸತ್ತ ಹುಡುಗಿ ಕೇಳುತ್ತಿದ್ದ ಹಾಡನ್ನೇ ಅವನು ಗುನುಗಿದ್ದು ನಿಕ್‌ನ ಜೊತೆಗಾರ ಪತ್ತೇದಾರ ಹ್ಯಾಂಕ್‌ನ ಕಿವಿಗೆ ಬಿದ್ದದ್ದರಿಂದ. ಆ ಹೊತ್ತಿಗೆ ಹ್ಯಾಂಕ್‌ಗೆ ಈ ಲೋಕದ ಗಂಧವೇ ಇಲ್ಲ.

ಹಾಗಾಗಿ ಔಟ್‌ಲೈನ್‌ನಲ್ಲಿ ಎರಡು ಕಾಲಂ ಹಾಕುತ್ತೇನೆ. ಎಡಕ್ಕೆ ಪತ್ತೇದಾರನಿಗಷ್ಟೇ ಗೊತ್ತಿರುವುದು, ಬಲಕ್ಕೆ ಅವನು ವರದಿಯಲ್ಲಿ ಬರೆಯಬಹುದಾದದ್ದು. ಸತತ ಮೂರು ಸೀನ್ ಬಲಗಡೆ ಖಾಲಿ ಉಳಿದರೆ ತನಿಖೆ ನಿಂತಿದೆ, ಬರೀ ಪುರಾಣ ಓಡುತ್ತಿದೆ. ಎಡಗಡೆ ಖಾಲಿಯಾದರೆ ಮಾಮೂಲಿ ಪೊಲೀಸ್ ಧಾರಾವಾಹಿ, ರಾಕ್ಷಸನ ಮೇಕಪ್ಪಿನ ಖರ್ಚು ದಂಡ.

ಜಾಹೀರಾತು ಕಳೆದರೆ ಕೈಗೆ ಸಿಗುವುದು ಸುಮಾರು 42 ನಿಮಿಷ. ಮನುಷ್ಯನ ಮುಖ ರಾಕ್ಷಸನದಾಗಿ ಬದಲಾಗುವುದನ್ನು ಮೂರು ಸಲಕ್ಕಿಂತ ಹೆಚ್ಚು ತೋರಿಸುವುದಿಲ್ಲ. ನಾಲ್ಕನೆಯದಕ್ಕೆ ಯಾರೂ ಬೆಚ್ಚುವುದಿಲ್ಲ. ಹಳೆಯ ಗ್ರಂಥ ತೆರೆದು ಜೀವಿಯ ಜಾತಕ ಓದುವ ಸೀನ್ ಒಂದೇ ಪುಟ, ಅದೂ ಒಂದು ತಪ್ಪು ತೀರ್ಮಾನಕ್ಕೆ ದಾರಿ ಮಾಡಬೇಕು. ಇಲ್ಲದಿದ್ದರೆ ಗ್ರಂಥವೇ ಕೇಸು ಬಿಡಿಸಿ, ಪತ್ತೇದಾರ ಪುಟ ತಿರುವುವವನಾಗುತ್ತಾನೆ.

ಮೂಲ ಕಥೆ ವೀಕ್ಷಕರಿಗೆ ಹತ್ತೇ ನಿಮಿಷದಲ್ಲಿ ಗೊತ್ತಾಗಿಬಿಡುವುದು ಇನ್ನೊಂದು ಕಾಟ. ಕೆಂಪು ಟೋಪಿಯ ಹುಡುಗಿಯ ಕಥೆಯಲ್ಲಿ ಕೆಂಪು ಬಟ್ಟೆಗೆ ಹಸಿರು ಬಳಿದರೆ ಅದು ತಪ್ಪುವುದಿಲ್ಲ. ಅಪರಾಧಿ ಯಾರೆಂಬುದನ್ನು ಬಿಟ್ಟುಕೊಟ್ಟು, ಆ ಕಥೆಯಲ್ಲಿ ಸುಮ್ಮನಿದ್ದವರ ಮೇಲೆ ಪ್ರಶ್ನೆ ತಿರುಗಿಸುತ್ತೇನೆ. ಮದುಮಗನ ಮನೆಯಲ್ಲಿ ಅಡುಗೆ ಮಾಡುವ ಮುದುಕಿ ಹುಡುಗಿಯನ್ನು ಕಾಪಾಡಿದಳು, ನಿಜ. ಅದಕ್ಕೂ ಮುಂಚೆ ಇಂಥ ಎಷ್ಟು ಕೊಲೆ ನೋಡಿಯೂ ದರೋಡೆಕೋರರಿಗೆ ಬಡಿಸಿದ್ದಳು? ನನ್ನ ಕಂತಿನ ಕೊನೆಯ ವಿಚಾರಣೆ ಅವಳದೇ.